ಆರಿದ್ರಾ ಮಳೆಗೆ ಮೊದಲೇ ಕಾರಿನ ಬ್ಯಾಟರಿ ನೋಡಿಸಿ, ಕೊಳ್ಳುವಾಗ ತಯಾರಾದ ತಿಂಗಳು ಕೇಳಿ

ಮಾನ್ಯ ಸಂಪಾದಕರೇ,

ಆರಿದ್ರಾ ಮಳೆ ಹಿಡಿಯುವ ಮುಂಚೆ ಈ ಪತ್ರ ಅಚ್ಚಾದರೆ ನಮ್ಮ ಕಡೆಯ ನಾಲ್ಕು ಜನರಿಗಾದರೂ ಉಪಯೋಗ ಆದೀತು ಅಂತ ಬರೆಯುತ್ತಿದ್ದೇನೆ. ವಿಷಯ ಕಾರಿನ ಬ್ಯಾಟರಿ. ತೀರ್ಥಹಳ್ಳಿ, ಹೊಸನಗರ, ಸಾಗರ, ಕೊಪ್ಪದ ಕಡೆಯ ಒಂಟಿ ಮನೆಗಳಿಗೆ ಬಸ್ಸು ನಿಲ್ಲುವ ಜಾಗವೇ ಎಷ್ಟೋ ದೂರ. ಆಸ್ಪತ್ರೆಗೆ, ಮಕ್ಕಳ ಶಾಲೆಗೆ, ಸೊಸೈಟಿಗೆ, ಮದುವೆ ಮುಂಜಿಗೆ ಎಲ್ಲದಕ್ಕೂ ಮನೆಯ ಗಾಡಿಯೇ ಗತಿ. ಅಷ್ಟು ನೆಚ್ಚಿಕೊಂಡ ಗಾಡಿಗೆ ಬ್ಯಾಟರಿಯನ್ನು ಮಾತ್ರ ನಾವು ಸ್ಟಾರ್ಟ್ ಆಗದೆ ನಿಂತ ದಿನ, ಗಡಿಬಿಡಿಯಲ್ಲಿ, ಮೊದಲು ಸಿಕ್ಕ ಅಂಗಡಿಯವರು ಕೊಟ್ಟದ್ದನ್ನು ಕೊಳ್ಳುತ್ತೇವೆ. ನಾನೂ ಹಾಗೇ ಕೊಂಡವನು. ಅದರಿಂದ ಆದ ತೊಂದರೆ ಏನು, ಆಮೇಲೆ ಕಲಿತದ್ದು ಏನು ಅಂತ ಸ್ವಲ್ಪ ಉದ್ದವಾಗಿಯೇ ಹೇಳುತ್ತೇನೆ, ಜಾಗ ಕೊಡಿ.

ಎರಡು ವರ್ಷದ ಹಿಂದೆ, ಪುನರ್ವಸು ಮಳೆಯ ಸಮಯ. ಶಿವಮೊಗ್ಗದಲ್ಲಿ ಅಮ್ಮನ ಕಣ್ಣಿನ ಪೊರೆ ಆಪರೇಷನ್ ಇತ್ತು. ಬೆಳಿಗ್ಗೆ ಎಂಟಕ್ಕೆ ಬನ್ನಿ ಅಂದಿದ್ದರು. ನಮ್ಮ ಮನೆಯಿಂದ ಮಳೆಯಲ್ಲಿ ಎರಡು ಗಂಟೆ ದಾರಿ. ಐದೂವರೆಗೆ ಅಮ್ಮನನ್ನು ಕೂರಿಸಿ ಕೀ ತಿರುಗಿಸಿದೆ. ಕಟ್ ಕಟ್ ಕಟ್ ಅಂತು, ಮುಂದಿನ ದೀಪಗಳು ಒಮ್ಮೆ ಮಿಣುಕಿ ಆರಿಯೇ ಹೋದವು. ಅದಕ್ಕೂ ಮುಂಚಿನ ಹನ್ನೆರಡು ದಿನ ಮಳೆ ಬಿಡದೆ ಹೊಡೆದಿದ್ದರಿಂದ ಕಾರು ಕೊಟ್ಟಿಗೆ ಪಕ್ಕದ ಮಾಡಿನ ಅಡಿಯಲ್ಲಿ ನಿಂತಲ್ಲೇ ನಿಂತಿತ್ತು. ತಳ್ಳಿ ಎರಡನೇ ಗೇರಿನಲ್ಲಿ ಎಬ್ಬಿಸೋಣ ಅಂದರೆ ಅಂಗಳವೆಲ್ಲ ಪಾಚಿ, ಕಾಲು ನಿಲ್ಲುವುದಿಲ್ಲ, ದಣಪೆ ದಾಟಿದರೆ ಏರು. ಪಕ್ಕದ ಮನೆಯವರು ಪಿಕಪ್ ತಂದು, ಕೊಪ್ಪೆ ಹಾಕಿಕೊಂಡೇ ಜಂಪ್ ಕೇಬಲ್ ಹಿಡಿದು ನಮ್ಮನ್ನು ಹೊರಡಿಸಿದಾಗ ಏಳು ಗಂಟೆ ಆಗಿತ್ತು. ಮಂಡಗದ್ದೆ ದಾಟುವವರೆಗೂ ಅಮ್ಮನದು ಒಂದೇ ಮಾತು, "ಇವತ್ತು ಬ್ಯಾಡ ಬಿಡೋ ಮಗ, ವಾಪಸ್ ಹೋಗನ."

ಆಸ್ಪತ್ರೆಯವರು ದೊಡ್ಡ ಮನಸ್ಸು ಮಾಡಿ ಕಡೆಯ ಸರದಿಯಲ್ಲಿ ಆಪರೇಷನ್ ಮಾಡಿದರು. ಸಂಜೆ ನಾಲ್ಕಕ್ಕೆ ಕಣ್ಣಿಗೆ ಪಟ್ಟಿ ಕಟ್ಟಿಸಿಕೊಂಡು ಅಮ್ಮ ಬಂದು ಕೂತರು. ಕಾರು ಮತ್ತೆ ಕಟ್ ಕಟ್. ಯಾರೋ ಒಂದು ನಂಬರ್ ಕೊಟ್ಟರು, ಬ್ಯಾಟರಿ ಅಂಗಡಿಯ ಹುಡುಗ ಬೈಕಿನಲ್ಲಿ ಹೊಸದನ್ನು ಇಟ್ಟುಕೊಂಡು ಬಂದ. ಬಾನೆಟ್ ಎತ್ತಿದ, "ಡೆಡ್ ಆಗಿದೆ ಸಾರ್" ಅಂದ, ಹಾಕಿದ, ₹4,800 ತಗೊಂಡ, ಹಳೆಯದನ್ನು ಬೈಕಿನ ಮೇಲೆ ಇಟ್ಟುಕೊಂಡು ಹೋದ. ಹತ್ತು ನಿಮಿಷದ ಕೆಲಸ. ನನಗೆ ಆ ಹೊತ್ತಿಗೆ ಅವನು ದೇವರ ಹಾಗೆ ಕಂಡ, ಅದೂ ಸುಳ್ಳಲ್ಲ. ಕೊಡೆ ಹಿಡಿದು ನಿಂತಿದ್ದ ನಾನು ಒಂದು ಪ್ರಶ್ನೆ ಕೇಳಲಿಲ್ಲ.

ಆ ಬ್ಯಾಟರಿ ಬಾಳಿದ್ದು ಹದಿನಾಲ್ಕು ತಿಂಗಳು.

ಮತ್ತೆ ಗಾಡಿ ನಿಂತಾಗ ವಾರಂಟಿ ಕಾರ್ಡ್ ಹುಡುಕಿದೆ. ಕಾರ್ಡಿನಲ್ಲಿ ಅಂಗಡಿಯ ಸೀಲ್ ಇಲ್ಲ, ತಾರೀಕು ಇಲ್ಲ. ಬಿಲ್ಲಿನಲ್ಲಿ "ಕಾರ್ ಬ್ಯಾಟರಿ 1" ಅಂತ ಇದೆ ಅಷ್ಟೇ, ಬ್ಯಾಟರಿಯ ಮೇಲಿನ ಸೀರಿಯಲ್ ನಂಬರ್ ಇಲ್ಲ. ಫೋನ್ ಮಾಡಿದರೆ "ಇದು ನಮ್ಮಲ್ಲೇ ತಗೊಂಡಿದ್ದು ಅಂತ ಹೇಗೆ ಹೇಳ್ತೀರಿ" ಅಂದರು. ಕೇಳಿದ ಪ್ರಶ್ನೆ ಸರಿಯಾಗೇ ಇತ್ತು, ನನ್ನ ಹತ್ತಿರ ಉತ್ತರ ಇರಲಿಲ್ಲ.

ನಮ್ಮೂರ ಹತ್ತಿರದ ಗ್ಯಾರೇಜಿನ ಮೆಕ್ಯಾನಿಕ್ ಒಬ್ಬರು ಆವತ್ತು ಒಂದು ಗಂಟೆ ಕೂತು ನನಗೆ ಎಲ್ಲ ತೋರಿಸಿದರು. ಅವರು ಮಾಡಿದ್ದನ್ನು ಹಾಗ್ಹಾಗೇ ಬರೆಯುತ್ತೇನೆ, ಯಾಕಂದ್ರೆ ಇದನ್ನೇ ಯಾರಾದರೂ ಮೊದಲೇ ಮಾಡಿದ್ದರೆ ನನ್ನ ದುಡ್ಡು ಉಳಿಯುತ್ತಿತ್ತು.

ಬಾನೆಟ್ ಎತ್ತಿದ ಕೂಡಲೇ ಅವರು ಬ್ಯಾಟರಿಯನ್ನು ಕೈಯಲ್ಲಿ ಅಲುಗಾಡಿಸಿದರು. ಅದು ಟ್ರೇ ಮೇಲೆ ಸಡಿಲ ಹಲ್ಲಿನ ಹಾಗೆ ಆಡುತ್ತಿತ್ತು. ಹಿಡಿದಿಡುವ ಕ್ಲಾಂಪಿನ ಒಂದು ಬೋಲ್ಟೇ ಇಲ್ಲ. ಆವತ್ತು ಮಳೆಯಲ್ಲಿ ಹಾಕುವಾಗ ಬಿದ್ದುಹೋಗಿರಬೇಕು, ಅಥವಾ ಹಾಕಲೇ ಇಲ್ಲ. ನಮ್ಮ ಮನೆಗೆ ಎರಡು ಕಿಲೋಮೀಟರ್ ಮಣ್ಣುರಸ್ತೆ, ಹದಿನಾಲ್ಕು ತಿಂಗಳು ಅದರ ಮೇಲೆ ಕುಣಿದರೆ ಒಳಗಿನ ಸೀಸದ ಪ್ಲೇಟುಗಳಿಗೆ ಅಂಟಿಸಿರುವ ಮದ್ದು ಉದುರುತ್ತದಂತೆ. ಉದುರಿದ್ದು ವಾಪಸ್ ಅಂಟುವುದಿಲ್ಲ. ಮುಂದೆ ಟರ್ಮಿನಲ್, ಅಂದ್ರೆ ಕೇಬಲ್ ಸಿಕ್ಕಿಸುವ ಕಂಬ, ತೋರಿಸಿದರು. ಪಾಸಿಟಿವ್ ಕಡೆ ಬಿಳಿ ಹಸಿರು ಬೂಷ್ಟು ಹಿಡಿದು ಕ್ಲಿಪ್ಪೇ ಕಾಣುತ್ತಿರಲಿಲ್ಲ. ಒಂದು ಲೋಟ ಬಿಸಿನೀರಿಗೆ ಅಡುಗೆ ಸೋಡಾ ಹಾಕಿ ಸುರಿದರು, ಬುಸ್ಸಂತ ನೊರೆ ಎದ್ದು ಎಲ್ಲ ತೊಳೆದುಹೋಯಿತು. ಹಳೆ ಹಲ್ಲುಜ್ಜುವ ಬ್ರಷ್‌ನಲ್ಲಿ ತಿಕ್ಕಿ, ಒರೆಸಿ, ಒಣಗಿಸಿ, ಬಿಗಿದ ಮೇಲೆ ವ್ಯಾಸಲೀನ್ ಸವರಿದರು. ನಮ್ಮ ಕಡೆಯ ತೇವದಲ್ಲಿ ಈ ಬೂಷ್ಟು ಬೇಗ ಹಿಡಿಯುತ್ತದೆ. ಎಷ್ಟೋ ಸಲ ಬ್ಯಾಟರಿ ಚೆನ್ನಾಗೇ ಇರುತ್ತದೆ, ಕರೆಂಟು ಕೇಬಲ್ಲಿಗೆ ದಾಟುವುದಿಲ್ಲ ಅಷ್ಟೇ. ಅಂಥ ಬ್ಯಾಟರಿಯನ್ನೂ ನಾವು "ಡೆಡ್" ಅಂತ ಕೊಟ್ಟು ಹೊಸದು ತರುತ್ತೇವೆ.

ಆಮೇಲೆ ಮಲ್ಟಿಮೀಟರ್ ಇಟ್ಟರು. ಇದು ಕರೆಂಟ್ ರಿಪೇರಿಯವರ ಬಳಿ ಇರುವ ಸಾದಾ ಮೀಟರ್, ಕೆಲವು ನೂರು ರೂಪಾಯಿಗೆ ಸಿಗುತ್ತದೆ. ರಾತ್ರಿಯಿಡೀ ಸುಮ್ನೆ ನಿಂತ ಗಾಡಿಯಲ್ಲಿ, ಬೆಳಿಗ್ಗೆ ಸ್ಟಾರ್ಟ್ ಮಾಡುವ ಮೊದಲು, ಪೂರ್ತಿ ಚಾರ್ಜ್ ಇರುವ ಬ್ಯಾಟರಿ 12.6 ವೋಲ್ಟಿನ ಆಸುಪಾಸು ತೋರಿಸಬೇಕು. 12.2 ಅಂದ್ರೆ ಅರ್ಧ ಖಾಲಿ. 12ಕ್ಕಿಂತ ಕೆಳಗೆ ಅಂದ್ರೆ ಹೆಚ್ಚುಕಮ್ಮಿ ಬರಿದು. ಹೆಸರೇ 12 ವೋಲ್ಟ್ ಬ್ಯಾಟರಿ ಅಲ್ವಾ, 12 ತೋರಿಸಿದರೆ ಸರಿಯಾಗಿದೆ ಅಂತ ನಾನು ತಿಳಿದಿದ್ದೆ. ಒಳಗೆ ಆರು ಸೆಲ್ ಇರುತ್ತವೆ, ಒಂದೊಂದೂ 2.1 ವೋಲ್ಟ್, ಲೆಕ್ಕ ಹಾಕಿದರೆ 12.6 ಬರುತ್ತದೆ. ಗಾಡಿ ಓಡಿಸಿ ಬಂದ ಕೂಡಲೇ ಅಳೆದರೆ ಅಂಕೆ ಸುಳ್ಳೇ ಜಾಸ್ತಿ ತೋರಿಸುತ್ತದೆ, ಅದನ್ನು ನಂಬಬಾರದು. ಬ್ಯಾಟರಿಯನ್ನು ಪೂರ್ತಿ ಚಾರ್ಜ್ ಮಾಡಿ, ಸೆಲ್ಫ್ ಹೊಡೆಯುವಾಗ ಎಷ್ಟಕ್ಕೆ ಇಳಿಯುತ್ತದೆ ಅಂತ ನೋಡಬೇಕು. ಚಾರ್ಜ್ ಪೂರ್ತಿ ಇದ್ದೂ 9.6ಕ್ಕಿಂತ ಕೆಳಗೆ ಬಿದ್ದರೆ ಅದರ ಆಯಸ್ಸು ಮುಗಿಯಿತು ಅಂತಲೇ ಲೆಕ್ಕ. ನನ್ನದು ರಾತ್ರಿಯಿಡೀ ಚಾರ್ಜಿಗೆ ಹಾಕಿದ ಮೇಲೂ 8ಕ್ಕೆ ಕುಸಿಯಿತು.

ಕಡೆಯದಾಗಿ, ಇದು ನನ್ನ ಕಣ್ಣು ತೆರೆಸಿದ ಮಾತು, ಅವರು ತಮ್ಮ ಗ್ಯಾರೇಜಿನ ಬೇರೆ ಬ್ಯಾಟರಿ ಇಟ್ಟು ಗಾಡಿ ಸ್ಟಾರ್ಟ್ ಮಾಡಿ, ಹೆಡ್‌ಲೈಟು, ವೈಪರ್, ಫ್ಯಾನ್ ಎಲ್ಲ ಹಾಕಿ ಮತ್ತೆ ಮೀಟರ್ ಇಟ್ಟರು. ಎಂಜಿನ್ ಓಡುವಾಗ ಆಲ್ಟರ್ನೇಟರ್, ಅಂದ್ರೆ ಬೆಲ್ಟಿನಿಂದ ತಿರುಗಿ ಬ್ಯಾಟರಿಗೆ ಚಾರ್ಜ್ ಕೊಡುವ ಭಾಗ, 13.8ರಿಂದ 14.5 ವೋಲ್ಟಿನ ಒಳಗೆ ಕೊಡುತ್ತಿರಬೇಕು. ನನ್ನ ಗಾಡಿಯಲ್ಲಿ 12.9 ಇತ್ತು. ಬೆಲ್ಟ್ ಸವೆದು ಜಾರುತ್ತಿತ್ತು. ಅಂದ್ರೆ ಮಳೆಗಾಲದಲ್ಲಿ ದೀಪ ಹಾಕಿಕೊಂಡು, ವೈಪರ್ ಆಡಿಸಿಕೊಂಡು ನಿಧಾನಕ್ಕೆ ಹೋಗುವಾಗ ಬ್ಯಾಟರಿಗೆ ಹೊಟ್ಟೆ ತುಂಬುತ್ತಲೇ ಇರಲಿಲ್ಲ. ಹೊಸ ಬ್ಯಾಟರಿ ಹಾಕಿದ ದಿನದಿಂದ ಅರೆಹೊಟ್ಟೆಯಲ್ಲೇ ಇತ್ತು. ಮೊದಲಿನ ಬ್ಯಾಟರಿ ಕೂಡ ಈ ಬೆಲ್ಟಿನಿಂದಲೇ ಖಾಲಿ ಆಗಿತ್ತೋ ಏನೋ. ಆವತ್ತು ಆಸ್ಪತ್ರೆ ಎದುರು ಆ ಹುಡುಗನ ಕೈಯಲ್ಲಿ ಒಂದು ಮೀಟರ್ ಇದ್ದು ಎರಡು ನಿಮಿಷ ಇಟ್ಟು ನೋಡಿದ್ದರೆ ಒಂದು ಬೆಲ್ಟಿನ ದುಡ್ಡಿನಲ್ಲಿ ಮುಗಿಯುತ್ತಿತ್ತು.

ಹಾಗಾಗಿ ನನ್ನ ಮೊದಲ ಮಾತು ಇದು. ಬ್ಯಾಟರಿ ಕೊಳ್ಳುವ ಮೊದಲು ಬ್ಯಾಟರಿಯನ್ನೂ ಆಲ್ಟರ್ನೇಟರನ್ನೂ ಎದುರಿಗೇ ಅಳೆಸಿ. ಅಳೆಯದೆ "ಹೋಗಿದೆ ಸಾರ್" ಅನ್ನುವ ಅಂಗಡಿಯಲ್ಲಿ ಕೊಳ್ಳಬೇಡಿ.

ಎರಡನೆಯದು ತಯಾರಾದ ತಿಂಗಳು. ಸತ್ತ ಬ್ಯಾಟರಿಯ ಬದಿಯ ಸ್ಟಿಕ್ಕರನ್ನು ಮೆಕ್ಯಾನಿಕ್ ಬಟ್ಟೆಯಲ್ಲಿ ಒರೆಸಿ ಓದಿದರು. ನನಗೆ ಮಾರುವ ದಿನಕ್ಕೇ ಅದು ಹನ್ನೊಂದು ತಿಂಗಳು ಹಳೆಯದು! ಹನ್ನೊಂದು ತಿಂಗಳು ಎಲ್ಲೋ ಗೋಡೌನಿನಲ್ಲಿ, ಅಂಗಡಿಯ ರ‍್ಯಾಕಿನಲ್ಲಿ ಕೂತಿತ್ತು. ಬ್ಯಾಟರಿ ಅಂದ್ರೆ ಬಳಸದಿದ್ದರೆ ಹಾಗೇ ಉಳಿಯುವ ಸ್ಪ್ಯಾನರ್ ಥರ ಅಲ್ಲ. ಸುಮ್ನೆ ಇಟ್ಟರೂ ತನ್ನಷ್ಟಕ್ಕೆ ಚಾರ್ಜ್ ಇಳಿಯುತ್ತಾ ಹೋಗುತ್ತದೆ, ಸೆಕೆ ಇದ್ದಲ್ಲಿ ಇನ್ನೂ ಬೇಗ. ಇಳಿದ ಸ್ಥಿತಿಯಲ್ಲೇ ತಿಂಗಳುಗಟ್ಟಲೆ ಬಿಟ್ಟರೆ ಪ್ಲೇಟಿನ ಮೇಲೆ ಸಲ್ಫೇಟ್ ಹರಳುಗಟ್ಟಿ ಗಟ್ಟಿಯಾಗುತ್ತದೆ, ಆಮೇಲೆ ಎಷ್ಟು ಚಾರ್ಜ್ ಮಾಡಿದರೂ ಮೊದಲಿನ ಕಸುವು ಬರುವುದಿಲ್ಲ. ಮನೆಗೆ ತಂದಾಗ ಹೊಳೆಯುತ್ತಿರುತ್ತದೆ, ಮೇಲಿನ ಪ್ಲಾಸ್ಟಿಕ್ಕೂ ಹರಿದಿರುವುದಿಲ್ಲ, ಒಳಗೆ ಅರ್ಧ ಆಯಸ್ಸು ಹೋಗಿರುತ್ತದೆ. ನಾವು ಹಾಲಿನ ಪ್ಯಾಕೆಟ್ ತಾರೀಕು ನೋಡುತ್ತೇವೆ, ಮಾತ್ರೆಯ ಚೀಟಿ ತಿರುಗಿಸಿ ನೋಡುತ್ತೇವೆ, ಐದು ಸಾವಿರದ ಬ್ಯಾಟರಿ ಮಾತ್ರ ಹಾಗೇ ಹಾಕಿಸಿಕೊಂಡು ಬರುತ್ತೇವೆ. ಪ್ಯಾಕ್ ಮಾಡಿ ಮಾರುವ ಸರಕಿನ ಮೇಲೆ ತಯಾರಾದ ತಿಂಗಳು, ವರ್ಷ, ಎಂಆರ್‌ಪಿ ಇರಬೇಕು ಅಂತ ತೂಕ-ಅಳತೆ ಕಾನೂನಿನ 2011ರ ಪೊಟ್ಟಣ ನಿಯಮಗಳೇ ಹೇಳುತ್ತವೆ. ಕೆಲವು ಕಂಪನಿಯವರು ಇದನ್ನು ಕೋಡ್ ಆಗಿಯೂ ಒತ್ತಿರುತ್ತಾರೆ. ಓದಲು ಬರದಿದ್ದರೆ ಅಂಗಡಿಯವರಿಂದಲೇ ಓದಿಸಿ, ಓದಿದ ತಿಂಗಳನ್ನು ಬಿಲ್ಲಿನ ಮೇಲೆ ಬರೆಸಿ. ಬರೆಯಲು ಹಿಂದೇಟು ಹಾಕಿದರೆ ಅಲ್ಲೇ ಗೊತ್ತಾಗುತ್ತದೆ. ನನ್ನ ಪ್ರಕಾರ ಮೂರು ತಿಂಗಳೊಳಗಿನದು ಸಿಕ್ಕರೆ ಒಳ್ಳೆಯದು, ಆರು ತಿಂಗಳು ದಾಟಿದ್ದನ್ನು ಮುಟ್ಟಬೇಡಿ. ಎಷ್ಟೇ ಡಿಸ್ಕೌಂಟ್ ಕೊಟ್ಟರೂ ಬೇಡ.

ಯಾವ ಸೈಜು ಅನ್ನುವುದರಲ್ಲಿ ನಮ್ಮ ಜನ ತುಂಬಾ ಗೊಂದಲ ಮಾಡಿಕೊಳ್ಳುತ್ತಾರೆ. ಸಣ್ಣ ಪೆಟ್ರೋಲ್ ಕಾರುಗಳಲ್ಲಿ ಸಾಮಾನ್ಯವಾಗಿ ಕಾಣುವ ಒಂದು ಬ್ಯಾಟರಿಯ ಮೇಲೆ 38ಬಿ20ಎಲ್ ಅಂತ ಬರೆದಿರುತ್ತದೆ. 38 ಅಂದ್ರೆ 38 ಎಎಚ್ (ಆಂಪಿಯರ್-ಅವರ್, ಬ್ಯಾಟರಿ ಎಷ್ಟು ಚಾರ್ಜ್ ಹಿಡಿಯುತ್ತದೆ ಅನ್ನುವ ಅಳತೆ) ಅಂತ ತಿಳಿಯುವವರೇ ಜಾಸ್ತಿ. ಅದು ಬ್ಯಾಟರಿಯ ಕಸುವಿಗೆ ಕೊಟ್ಟ ಒಂದು ದರ್ಜೆ, ಆ ಬ್ಯಾಟರಿ ನಿಜವಾಗಿ 35 ಎಎಚ್. ಬಿ ಅನ್ನುವುದು ಅಗಲ ಎತ್ತರದ ಗುಂಪು, 20 ಅಂದ್ರೆ ಸುಮಾರು 20 ಸೆಂಟಿಮೀಟರ್ ಉದ್ದ. ಕೊನೆಯ ಎಲ್ ಅಥವಾ ಆರ್ ಬಹಳ ಮುಖ್ಯ, ಅದು ಪಾಸಿಟಿವ್ ಟರ್ಮಿನಲ್ ಯಾವ ಬದಿಗೆ ಇದೆ ಅಂತ ಹೇಳುತ್ತದೆ. ಒಂದೇ ಬ್ಯಾಟರಿ, ಒಂದೇ ಬೆಲೆ, ಆದರೆ ಎಲ್ ಬದಲು ಆರ್ ತಂದರೆ ಕೇಬಲ್ ಎಟುಕುವುದಿಲ್ಲ. ಆಗ ಅವಸರದಲ್ಲಿ ಬ್ಯಾಟರಿಯನ್ನು ತಿರುಗಿಸಿ ಇಡುವುದು, ಕೇಬಲ್ ಎಳೆದು ಸಿಕ್ಕಿಸುವುದು ಎಲ್ಲ ನಡೆಯುತ್ತದೆ. ಎಲ್ಲಾದರೂ ಪ್ಲಸ್ಸಿಗೆ ಮೈನಸ್ ತಾಗಿತು ಅಂದ್ರೆ ಆಲ್ಟರ್ನೇಟರಿನ ಡಯೋಡು, ಕಾರಿನ ಕಂಪ್ಯೂಟರ್ ಸುಟ್ಟುಹೋಗಬಹುದು, ಬ್ಯಾಟರಿಯ ಎಷ್ಟೋ ಪಟ್ಟು ಖರ್ಚು. ಟರ್ಮಿನಲ್ ಕಂಬಗಳಲ್ಲೂ ದಪ್ಪ, ಸಣ್ಣ ಅಂತ ಎರಡು ಜಾತಿ ಇದೆ. ಸಣ್ಣ ಕಂಬಕ್ಕೆ ದಪ್ಪದ ಕ್ಲಿಪ್ ಹಾಕಿ ಮಧ್ಯೆ ತಗಡಿನ ಚೂರು ತುರುಕಿದ್ದನ್ನು ನಾನೇ ನೋಡಿದ್ದೇನೆ. ಅಂಗಡಿಗೆ ಹೋಗುವ ಮೊದಲು ನಿಮ್ಮ ಹಳೆ ಬ್ಯಾಟರಿಯನ್ನು ಮೇಲಿನಿಂದ ಒಂದು ಫೋಟೋ, ಸ್ಟಿಕ್ಕರಿನ ಒಂದು ಫೋಟೋ ಮೊಬೈಲಿನಲ್ಲಿ ತೆಗೆದುಕೊಳ್ಳಿ. ಹಿಂದಿನವರು ಹಾಕಿದ್ದೇ ತಪ್ಪು ಸೈಜು ಇರಬಹುದು, ಸೆಕೆಂಡ್ ಹ್ಯಾಂಡ್ ಗಾಡಿಗಳಲ್ಲಿ ಇದು ಸಾಮಾನ್ಯ, ಆದ್ದರಿಂದ ಕಾರಿನ ಜೊತೆ ಬಂದ ಪುಸ್ತಕವನ್ನೂ ನೋಡಿ. ಅದರಲ್ಲಿ ಎಷ್ಟು ಎಎಚ್ ಅಂತ ಬರೆದಿರುತ್ತದೆ.

"ಇನ್ನೊಂದು ಐನೂರು ಹಾಕಿ, ದೊಡ್ಡದೇ ಹಾಕ್ಸಿಬಿಡಿ" ಅನ್ನುವ ಮಾತು ಎಲ್ಲ ಅಂಗಡಿಯಲ್ಲೂ ಕೇಳುತ್ತದೆ. ಪುಸ್ತಕದಲ್ಲಿ ಹೇಳಿದ್ದಕ್ಕಿಂತ ಕಡಿಮೆಯದನ್ನು ಖಂಡಿತ ಹಾಕಬಾರದು. ಸ್ವಲ್ಪ ಜಾಸ್ತಿ ಎಎಚ್ ಹಾಕಿದರೆ ಗಾಡಿಗೆ ಏನೂ ಆಗುವುದಿಲ್ಲ, ಆದರೆ ಅದು ಅದೇ ಟ್ರೇಯಲ್ಲಿ ಕೂತು, ಅದೇ ಕ್ಲಾಂಪ್ ಬಿಗಿಯಾಗಿ, ಬಾನೆಟ್ ಮುಚ್ಚಿದಾಗ ಟರ್ಮಿನಲ್ಲಿಗೆ ತಗಡು ತಾಗದೆ ಇರಬೇಕು. ಹಾಗೆ ಕೂರದಿದ್ದರೆ ದೊಡ್ಡದರಿಂದ ಲಾಭ ಇಲ್ಲ. ಡೀಸೆಲ್ ಗಾಡಿಯ ಕಥೆ ಬೇರೆ. ಡೀಸೆಲ್ ಎಂಜಿನ್ ತಿರುಗಿಸಲು ಜಾಸ್ತಿ ಬಲ ಬೇಕು, ಅದಕ್ಕೇ ಅವುಗಳ ಬ್ಯಾಟರಿ ಪೆಟ್ರೋಲ್ ಕಾರಿನದ್ದಕ್ಕಿಂತ ಸಾಕಷ್ಟು ದೊಡ್ಡದು. ಪೆಟ್ರೋಲ್ ಮಾಡೆಲಿನ ಬ್ಯಾಟರಿಯನ್ನು ಅದೇ ಹೆಸರಿನ ಡೀಸೆಲ್ ಕಾರಿಗೆ ಹಾಕಿಸಿಕೊಂಡು ಬಂದವರು ಇದ್ದಾರೆ. ಇನ್ನು ಸಿಸಿಎ ಅನ್ನುವ ಅಂಕೆ, ಅದು ಸೊನ್ನೆಗಿಂತ 18 ಡಿಗ್ರಿ ಕೆಳಗಿನ ಚಳಿಯಲ್ಲಿ ಬ್ಯಾಟರಿ 30 ಸೆಕೆಂಡ್ ಎಷ್ಟು ಆಂಪಿಯರ್ ಕೊಡಬಲ್ಲದು ಅನ್ನುವ ಲೆಕ್ಕ. ಆಗುಂಬೆಯ ಡಿಸೆಂಬರ್ ಬೆಳಗಿನಲ್ಲೂ ಅಂಥ ಚಳಿ ಇಲ್ಲ. ಕಂಪನಿ ಹೇಳಿದಷ್ಟು ಇದ್ದರೆ ಸಾಕು, ಅದರ ಹಿಂದೆ ಬಿದ್ದು ಜಾಸ್ತಿ ದುಡ್ಡು ಸುರಿಯಬೇಕಾಗಿಲ್ಲ. ನಮ್ಮಲ್ಲಿ ಬ್ಯಾಟರಿ ಕೊಲ್ಲುವುದು ತೇವ, ಕುಲುಕಾಟ, ಮತ್ತು ಗಾಡಿ ನಿಂತಲ್ಲೇ ನಿಲ್ಲುವುದು.

ಸಿಗ್ನಲ್ಲಿನಲ್ಲಿ ನಿಂತಾಗ ತಾನೇ ಎಂಜಿನ್ ಆಫ್ ಆಗಿ, ಕ್ಲಚ್ ಒತ್ತಿದರೆ ತಾನೇ ಸ್ಟಾರ್ಟ್ ಆಗುವ ಹೊಸ ಗಾಡಿಗಳನ್ನು ತಗೊಂಡವರು ಇದನ್ನು ಗಮನಿಸಿ. ಅವಕ್ಕೆ ಇಎಫ್‌ಬಿ ಅಥವಾ ಎಜಿಎಂ ಅನ್ನುವ ಬೇರೆ ಬಗೆಯ ಬ್ಯಾಟರಿ ಬೇಕು, ದಿನಕ್ಕೆ ಹತ್ತಾರು ಸಲ ಸ್ಟಾರ್ಟ್ ಮಾಡುವುದನ್ನು ತಡೆಯುವ ಹಾಗೆ ಮಾಡಿರುತ್ತಾರೆ. ಬೆಲೆ ಜಾಸ್ತಿ, ಸಣ್ಣ ಊರಿನ ಅಂಗಡಿಯಲ್ಲಿ ಸ್ಟಾಕ್ ಇರುವುದಿಲ್ಲ. "ಸಾದಾನೇ ಹಾಕ್ಸಿ, ಏನೂ ಆಗಲ್ಲ" ಅಂತಾರೆ. ಆವತ್ತು ಏನೂ ಆಗುವುದಿಲ್ಲ ನಿಜ, ಆದರೆ ಸಾದಾ ಬ್ಯಾಟರಿ ಆ ದುಡಿತಕ್ಕೆ ಬೇಗ ಸೋಲುತ್ತದೆ. ಎರಡು ದಿನ ಕಾದು ಶಿವಮೊಗ್ಗದಿಂದ ತರಿಸಿಕೊಳ್ಳಿ. ಎಲೆಕ್ಟ್ರಿಕ್ ಕಾರಿನವರಿಗೂ ಒಂದು ಮಾತು, ಕೆಳಗೆ ದೊಡ್ಡ ಬ್ಯಾಟರಿ ಇದ್ದರೂ ಒಂದು 12 ವೋಲ್ಟಿನ ಬ್ಯಾಟರಿ ಬೇರೆಯೇ ಇರುತ್ತದೆ, ಅದು ಸತ್ತರೆ ಕಾರು ಏಳುವುದೇ ಇಲ್ಲ.

ನಿಂತಲ್ಲೇ ನಿಲ್ಲುವುದು ಅಂದೆನಲ್ಲ, ಅದರ ಲೆಕ್ಕ ಕೇಳಿ. ಕೀ ತೆಗೆದು ಬಾಗಿಲು ಹಾಕಿದ ಮೇಲೂ ಗಡಿಯಾರ, ಅಲಾರಂ, ಕಂಪ್ಯೂಟರು ಸೇರಿ ಒಂದು 50 ಮಿಲಿಆಂಪಿಯರ್ ಎಳೆಯುತ್ತಿವೆ ಅಂತ ಇಟ್ಟುಕೊಳ್ಳಿ. ದಿನಕ್ಕೆ 1.2 ಎಎಚ್ ಆಯಿತು. 35 ಎಎಚ್ ಬ್ಯಾಟರಿ ಹದಿನೈದು ದಿನದಲ್ಲಿ ಅರ್ಧ ಖಾಲಿ. ಹೊರಗಿನಿಂದ ಹಾಕಿಸಿದ ಮ್ಯೂಸಿಕ್ ಸಿಸ್ಟಂ, ಡ್ಯಾಶ್‌ಕ್ಯಾಮ್, ಜಿಪಿಎಸ್ ಇದ್ದರೆ ಇನ್ನೂ ಬೇಗ. ಅಡಿಕೆಗೆ ಕೊಳೆ ರೋಗದ ಔಷಧಿ ಹೊಡೆಯುವ ಗಡಿಬಿಡಿಯಲ್ಲಿ ನಮ್ಮ ಗಾಡಿಗಳು ಎಷ್ಟು ದಿನ ಮಾಡಿನಡಿ ನಿಲ್ಲುತ್ತವೆ ಅಂತ ಬೆಳೆಗಾರರಿಗೆ ಹೇಳಬೇಕಾಗಿಲ್ಲ. ಬೆಳಿಗ್ಗೆ ಎದ್ದು ಐದು ನಿಮಿಷ ಎಂಜಿನ್ ಓಡಿಸಿ ಆರಿಸುವ ಅಭ್ಯಾಸ ಬಹಳ ಜನಕ್ಕೆ ಇದೆ, ಅದು ಸಾಲುವುದಿಲ್ಲ. ವಾರಕ್ಕೊಮ್ಮೆ ಅರ್ಧ ಗಂಟೆ ಮುಕ್ಕಾಲು ಗಂಟೆ ಓಡಿಸಬೇಕು. ಆಗದಿದ್ದರೆ ಕರೆಂಟ್ ಇದ್ದಾಗ ಹಾಕಿಡುವ ಸಣ್ಣ ಚಾರ್ಜರ್ ಸಿಗುತ್ತದೆ, ಅಥವಾ ಮೈನಸ್ ಕೇಬಲ್ ಬಿಚ್ಚಿಡಿ. ಬಿಚ್ಚುವಾಗ ಮೊದಲು ಮೈನಸ್, ಹಾಕುವಾಗ ಕೊನೆಗೆ ಮೈನಸ್, ಇದನ್ನು ಮರೆಯಬೇಡಿ. ಪ್ಲಸ್ ಬಿಚ್ಚುವಾಗ ಸ್ಪ್ಯಾನರ್ ಕಾರಿನ ತಗಡಿಗೆ ತಾಗಿದರೆ ಬೆಂಕಿ ಕಿಡಿ ಹಾರುತ್ತದೆ. ಚಾರ್ಜ್ ಆಗುವಾಗ ಬ್ಯಾಟರಿಯಿಂದ ಹೈಡ್ರೋಜನ್ ಬರುತ್ತದೆ, ಬಾನೆಟ್ ಮೇಲೆ ಬಗ್ಗುವಾಗ ಬೀಡಿ ಸಿಗರೇಟು ದೂರ ಇಡಿ. ಜಂಪ್ ಕೇಬಲ್ ಹಾಕುವಾಗಲೂ ಕೊನೆಯ ಕಪ್ಪು ಕ್ಲಿಪ್ಪನ್ನು ಸತ್ತ ಬ್ಯಾಟರಿಯ ಮೈನಸ್ಸಿಗೆ ಕಚ್ಚಿಸದೆ ಎಂಜಿನ್ನಿನ ಬಣ್ಣ ಇಲ್ಲದ ಕಬ್ಬಿಣಕ್ಕೆ ಕಚ್ಚಿಸುವುದು ಇದೇ ಕಾರಣಕ್ಕೆ.

ನಮ್ಮಲ್ಲಿ ಇನ್ನೊಂದು ರೂಢಿ ಇದೆ. ಮನೆಯ ಇನ್ವರ್ಟರ್ ಬ್ಯಾಟರಿಯನ್ನು ತಂದು ಜೀಪಿಗೆ ಹಾಕುವುದು, ಕಾರಿನ ಬ್ಯಾಟರಿಯನ್ನು ಇನ್ವರ್ಟರಿಗೆ ಹಾಕುವುದು. ಎರಡೂ 12 ವೋಲ್ಟ್ ಆದರೂ ಕೆಲಸ ಬೇರೆ. ಕಾರಿನದ್ದು ಕೆಲವು ಸೆಕೆಂಡ್ ನೂರಾರು ಆಂಪಿಯರ್ ಒಮ್ಮೆಲೇ ಕೊಟ್ಟು ಸುಮ್ಮನಾಗುವಂಥದ್ದು, ತೆಳ್ಳಗಿನ ಪ್ಲೇಟುಗಳು. ಇನ್ವರ್ಟರಿನದ್ದು ಗಂಟೆಗಟ್ಟಲೆ ನಿಧಾನಕ್ಕೆ ಕೊಡುವಂಥದ್ದು, ದಪ್ಪ ಪ್ಲೇಟುಗಳು. ಕಾರಿನ ಬ್ಯಾಟರಿಯನ್ನು ರಾತ್ರಿಯಿಡೀ ದೀಪ ಉರಿಸಲು ಬಿಟ್ಟರೆ ಕೆಲವೇ ತಿಂಗಳಲ್ಲಿ ಹಾಳು. ನೀರು ಹಾಕುವ ಬಗೆಯ ಬ್ಯಾಟರಿ ಇದ್ದವರು ಡಿಸ್ಟಿಲ್ಡ್ ವಾಟರ್ ಬಿಟ್ಟು ಬೇರೆ ನೀರು ಹಾಕಬೇಡಿ. ಮಾಡಿನಿಂದ ಹಿಡಿದ ಮಳೆನೀರು, ಫಿಲ್ಟರ್ ನೀರು ಯಾವುದೂ ಬೇಡ.

ವಾರಂಟಿ ವಿಷಯಕ್ಕೆ ಬರುತ್ತೇನೆ. "ಅರವತ್ತು ತಿಂಗಳು ವಾರಂಟಿ" ಅಂತ ದೊಡ್ಡ ಅಕ್ಷರದಲ್ಲಿ ಹಾಕಿರುತ್ತಾರೆ. ಅದರಲ್ಲಿ ಹೊಸ ಬ್ಯಾಟರಿಯನ್ನೇ ಪುಕ್ಕಟೆ ಕೊಡುವುದು ಮೊದಲ ಭಾಗದಲ್ಲಿ ಮಾತ್ರ. ಉಳಿದದ್ದಕ್ಕೆ ಪ್ರೊ ರೇಟಾ ಅಂತಾರೆ, ಅಂದ್ರೆ ಹೊಸದರ ಎಂಆರ್‌ಪಿ ಮೇಲೆ ಇಷ್ಟು ಪರ್ಸೆಂಟ್ ಕಡಿತ. ಕೇಳಲು ಚೆನ್ನಾಗಿದೆ. ಆದರೆ ಎಂಆರ್‌ಪಿ ₹6,000 ಅಂತಿಟ್ಟುಕೊಳ್ಳಿ, ಅದನ್ನೇ ಅಂಗಡಿಯಲ್ಲಿ ಎಲ್ಲರಿಗೂ ₹4,800ಕ್ಕೆ ಕೊಡುತ್ತಿದ್ದಾರೆ. ನಿಮಗೆ 30 ಪರ್ಸೆಂಟ್ ಕಡಿತ ಸಿಕ್ಕರೆ ₹4,200. ಉಳಿದದ್ದು ₹600. ಹಳೆ ಬ್ಯಾಟರಿ ಕಂಪನಿಗೆ ವಾಪಸ್ ಹೋಗುವುದರಿಂದ ಅದರ ಗುಜರಿ ಬೆಲೆ ನಿಮಗೆ ಸಿಗುವುದಿಲ್ಲ, ಆಗ ಆ ಆರುನೂರೂ ಹೆಚ್ಚುಕಮ್ಮಿ ಹೋದ ಹಾಗೆ. ಹಾಗಾಗಿ ಒಟ್ಟು ತಿಂಗಳು ಕೇಳಬೇಡಿ, "ಫ್ರೀ ರೀಪ್ಲೇಸ್‌ಮೆಂಟ್ ಎಷ್ಟು ತಿಂಗಳು" ಅಂತ ಕೇಳಿ. ಅಮರಾನ್ ಒಳ್ಳೆಯದೋ ಎಕ್ಸೈಡ್ ಒಳ್ಳೆಯದೋ ಅಂತ ಚಹಾ ಅಂಗಡಿಯಲ್ಲಿ ಗಂಟೆಗಟ್ಟಲೆ ವಾದ ಮಾಡುತ್ತೇವೆ. ನನ್ನ ಕೇಳಿದರೆ ಹೆಸರಿಗಿಂತ ಈ ತಿಂಗಳ ಲೆಕ್ಕ ಮತ್ತು ತಯಾರಾದ ದಿನ ಮುಖ್ಯ, ಮತ್ತೆ ತೊಂದರೆ ಆದಾಗ ನಮ್ಮೂರಿನ ಹತ್ತಿರವೇ ಅವರ ಡೀಲರ್ ಇದ್ದಾರಾ ಅನ್ನುವುದು. ಜಿಎಸ್‌ಟಿ ಬಿಲ್ಲಿನಲ್ಲಿ ಸೀರಿಯಲ್ ನಂಬರ್, ನಿಮ್ಮ ಗಾಡಿ ನಂಬರ್ ಬರೆಸಿ, ಕಾರ್ಡಿಗೆ ಸೀಲ್ ಹಾಕಿಸಿ, ಅಲ್ಲೇ ನಿಂತು ಮೊಬೈಲಿನಲ್ಲಿ ಫೋಟೋ ತೆಗೆದುಕೊಳ್ಳಿ. ಅಷ್ಟು ಇದ್ದೂ ವಾರಂಟಿ ಕೊಡದಿದ್ದರೆ 1915ಕ್ಕೆ ಫೋನ್ ಮಾಡಿ, ಅದು ರಾಷ್ಟ್ರೀಯ ಗ್ರಾಹಕ ಸಹಾಯವಾಣಿ. ಜಿಲ್ಲಾ ಗ್ರಾಹಕ ಆಯೋಗದಲ್ಲಿ ₹5 ಲಕ್ಷದವರೆಗಿನ ಖರೀದಿಗೆ ದೂರು ಕೊಡಲು ಶುಲ್ಕವೇ ಇಲ್ಲ. ನನ್ನ ಹತ್ತಿರ ಕಾಗದ ಇರಲಿಲ್ಲ, ಹಾಗಾಗಿ ಆ ದಾರಿಯೂ ಇರಲಿಲ್ಲ.

ಹಳೆ ಬ್ಯಾಟರಿಯನ್ನು ಏನು ಮಾಡುತ್ತೀರಿ ಅನ್ನುವುದೂ ಮುಖ್ಯ. ಹಂದಿ ಬೇಲಿಯ ಸೋಲಾರ್ ಮೆಷಿನ್ನಿಗೆ ಆಗುತ್ತದೆ ಅಂತ ಕೆಲವರು ಇಟ್ಟುಕೊಳ್ಳುತ್ತಾರೆ, ಜೀವ ಇದ್ದರೆ ಸರಿ. ಬರೀ ಮನೆಯ ಮೂಲೆಯಲ್ಲಿ ಇಡಬೇಡಿ, ಗುಜರಿಗೂ ಹಾಕಬೇಡಿ. ಗುಜರಿಯವರೊಬ್ಬರು ಬ್ಯಾಟರಿ ಒಡೆದು ಒಳಗಿನ ಆಸಿಡ್ಡನ್ನು ರಸ್ತೆ ಬದಿಯ ಚರಂಡಿಗೆ ಸುರಿದದ್ದನ್ನು ಕಣ್ಣಾರೆ ನೋಡಿದ್ದೇನೆ. ನಮ್ಮ ಚರಂಡಿ ಹಳ್ಳಕ್ಕೆ ಹೋಗುತ್ತದೆ, ಹಳ್ಳ ತುಂಗೆಗೆ ಸೇರುತ್ತದೆ. ಆ ಆಸಿಡ್ಡಿನಲ್ಲಿ ಸೀಸ ಇರುತ್ತದೆ. ಸೀಸ ಮಕ್ಕಳ ಮಿದುಳಿನ ಬೆಳವಣಿಗೆಗೇ ಪೆಟ್ಟು ಕೊಡುವ ವಿಷ. 2022ರ ಬ್ಯಾಟರಿ ತ್ಯಾಜ್ಯ ನಿರ್ವಹಣಾ ನಿಯಮಗಳ ಪ್ರಕಾರ ಹಳೆ ಬ್ಯಾಟರಿಗಳನ್ನು ವಾಪಸ್ ಪಡೆದು ಸರಿಯಾದ ಜಾಗಕ್ಕೆ ಸೇರಿಸುವ ಹೊಣೆ ತಯಾರಕರದ್ದು. ಡೀಲರಿಗೆ ಕೊಡಿ, ಅದರ ಬೆಲೆಯನ್ನು ಬಿಲ್ಲಿನಲ್ಲಿ ಕಳೆಸಿಕೊಳ್ಳಿ. ನನ್ನ ಮೊದಲ ಬ್ಯಾಟರಿಗೆ ಬಿಲ್ಲಿನಲ್ಲಿ ಒಂದು ಪೈಸೆ ಕಳೆದಿರಲಿಲ್ಲ, ನಾನು ಕೇಳಲೂ ಇಲ್ಲ.

ಶಿವಮೊಗ್ಗ, ತೀರ್ಥಹಳ್ಳಿ, ಸಾಗರದ ಬ್ಯಾಟರಿ ಅಂಗಡಿಯವರಲ್ಲಿ ನನ್ನ ವಿನಂತಿ ಇಷ್ಟು. ದಯವಿಟ್ಟು ಹಾಕುವ ಹುಡುಗರ ಕೈಗೆ ಒಂದೊಂದು ಮೀಟರ್ ಕೊಡಿ. ಬಿಲ್ಲಿನಲ್ಲಿ ಸೀರಿಯಲ್ ನಂಬರ್ ಮತ್ತು ತಯಾರಾದ ತಿಂಗಳಿಗೆ ಒಂದು ಸಾಲು ಮೀಸಲಿಡಿ. ಹಾಗೆ ಮಾಡುವ ಅಂಗಡಿಗಳೂ ಇವೆ, ನನ್ನ ಈಗಿನ ಬ್ಯಾಟರಿ ಅಂಥ ಕಡೆಯೇ ತಂದದ್ದು, ಅವರು ಕೇಳುವ ಮೊದಲೇ ಸ್ಟಿಕ್ಕರ್ ತಿರುಗಿಸಿ ತೋರಿಸಿದರು. ಸಂಪಾದಕರಲ್ಲಿಯೂ ಒಂದು ವಿನಂತಿ. ಪ್ರತಿ ವರ್ಷ ಮೇ ತಿಂಗಳಲ್ಲಿ ಮಳೆಗಾಲದ ತಯಾರಿ ಅಂತ ಹೆಂಚು, ಸೋಗೆ, ಕೊಡೆಗಳ ಬಗ್ಗೆ ಬರೆಯುವಾಗ ಗಾಡಿಯ ಬ್ಯಾಟರಿಗೂ ನಾಲ್ಕು ಸಾಲು ಕೊಡಿ. ಮೂರು ವರ್ಷ ದಾಟಿದ ಬ್ಯಾಟರಿ ಇದ್ದವರು ಮೇ ತಿಂಗಳಲ್ಲೇ ಲೋಡ್ ಟೆಸ್ಟ್ (ಹೊರೆ ಕೊಟ್ಟಾಗ ವೋಲ್ಟ್ ಎಷ್ಟಕ್ಕೆ ಇಳಿಯುತ್ತದೆ ಅಂತ ನೋಡುವುದು) ಮಾಡಿಸಿದರೆ, ಬಿಸಿಲಿರುವಾಗ, ಬಿಡುವಿರುವಾಗ, ನಾಲ್ಕು ಅಂಗಡಿ ವಿಚಾರಿಸಿ ಕೊಳ್ಳಬಹುದು.

ಈ ಜುಲೈನಲ್ಲಿ ಅಮ್ಮನ ಇನ್ನೊಂದು ಕಣ್ಣಿನ ಆಪರೇಷನ್ ಇದೆ. ಮೊನ್ನೆ ಭಾನುವಾರ ಬೆಳಿಗ್ಗೆ ಕಾಫಿಗೂ ಮೊದಲು ಬಾನೆಟ್ ಎತ್ತಿ ಮೀಟರ್ ಇಟ್ಟು ನೋಡಿದೆ. 12.6 ಇತ್ತು. ಅಮ್ಮನೂ ಬಂದು ಪಕ್ಕದಲ್ಲಿ ನಿಂತು, ಆಪರೇಷನ್ ಆದ ಕಣ್ಣಿನಲ್ಲಿ ಆ ಅಂಕೆಯನ್ನು ತಾವೇ ಓದಿದರು.

ಇಂತಿ ತಮ್ಮ ಓದುಗ,
ಒಬ್ಬ ಅಡಿಕೆ ಬೆಳೆಗಾರ
ತೀರ್ಥಹಳ್ಳಿ ತಾಲ್ಲೂಕು, ಶಿವಮೊಗ್ಗ ಜಿಲ್ಲೆ